ಕಾಡಿಗೆ ಅವಳು ಬೇಡ

"ಮೇಲೆ ನೋಡಿ. ಅಲ್ಲಾಡಬೇಡಿ. ಅಲ್ಲಾಡಿದ್ರೆ ಆಮೇಲೆ ನನ್ನನ್ನ ಕೇಳಬೇಡಿ!"

ಅವಳು ಹೇಳಿದ ಧಾಟಿ ಕೇಳಿದರೆ, ಕೈಯಲ್ಲಿರುವುದು ಕಾಡಿಗೆ ಕಡ್ಡಿಯೋ ಚೂರಿಯೋ ಎಂದು ಯಾರಿಗಾದರೂ ಅನುಮಾನ ಬರಬೇಕು.

ಕುರ್ಚಿಯಲ್ಲಿದ್ದವನು ತೆಪ್ಪಗೆ ಸೂರು ನೋಡಿದ. ಅವನು ನಾಟಕ ಕಂಪನಿಯ ನಾಯಕನಟ. ರಾಜನ ಪಾತ್ರಗಳನ್ನೇ ಮಾಡಿ ಮಾಡಿ ಎಲ್ಲರ ಬಾಯಲ್ಲೂ 'ಮಹಾರಾಜ' ಆಗಿಬಿಟ್ಟಿದ್ದ. ಅವಳು ಮನೆಯ ಮುಂದಿನ ಕೋಣೆಯಲ್ಲೇ ಒಂದು ಕನ್ನಡಿ, ಒಂದು ಎತ್ತರದ ಕುರ್ಚಿ ಹಾಕಿಕೊಂಡು ಮೇಕಪ್ ಮಾಡುವವಳು. ಸಾಕಿ ಬೆಳೆಸಿದ ಚಿಕ್ಕಮ್ಮ ಅವಳಿಗೆ ಇಟ್ಟ ಅಡ್ಡಹೆಸರು 'ಬೆಂಕಿಪೊಟ್ಟಣ'. ಹೆಸರು ಸುಳ್ಳಾಗದಂತೆ ಅವಳೂ ಇಷ್ಟು ವರ್ಷ ನಡೆದುಕೊಂಡು ಬಂದಿದ್ದಳು.

"ಯಾರೋ ನಾಟಕದವರಂತೆ, ಕಣ್ಣಿಗೆ ಕಾಡಿಗೆ ಹಚ್ಚಬೇಕಂತೆ, ಅಷ್ಟೇ" ಎಂದು ಚಿಕ್ಕಮ್ಮ ಬೆಳಗ್ಗೆ ಹೇಳಿದ್ದರು. ಬಾಗಿಲು ತೆಗೆದರೆ ಇವನು!

"ಹೇಗಿದೀಯಾ?" ಎಂದಿದ್ದ ಅವನು, ಮೆಲ್ಲಗೆ.

"ಬನ್ನಿ ಸರ್. ಕೂತ್ಕೊಳ್ಳಿ."

ಸರ್! ಒಂದು ಕಾಲದಲ್ಲಿ ಹೋಗೋ ಬಾರೋ ಎನ್ನುತ್ತಿದ್ದ ಬಾಯಿ ಅದು. ಆ ಬಹುವಚನ ಅವನ ಕೆನ್ನೆಗೆ ಬಾರಿಸಿದಂತಾಯಿತು. ಆಗಲಿ ಎಂದೇ ಅವಳು ಹಾಗೆ ಕರೆದಿದ್ದಳು.

ಈಗ ಅವನ ಕೆನ್ನೆ ಅವಳ ಎಡ ಅಂಗೈಯಲ್ಲಿತ್ತು. ಹೆಬ್ಬೆರಳಿನಿಂದ ಕೆಳರೆಪ್ಪೆಯನ್ನು ಸ್ವಲ್ಪವೇ ಜಗ್ಗಿ, ಕಡ್ಡಿಯನ್ನು ಹೊರತುದಿಯಿಂದ ಒಳಕ್ಕೆ ನಿಧಾನವಾಗಿ ಎಳೆದಳು. ಅವನ ಉಸಿರು ಅವಳ ಮಣಿಕಟ್ಟಿಗೆ ತಾಗುತ್ತಿತ್ತು. 'ಬಡವಾಗಿದ್ದಾನೆ... ಕೆನ್ನೆಮೂಳೆ ಎದ್ದಿದೆ...' ಎಂದಿತು ಮನಸ್ಸು. 'ಎದ್ದರೆ ಏಳಲಿ! ನಿನಗೇನೇ?' ಎಂದು ತನ್ನ ಮನಸ್ಸಿನ ಬಾಯಿ ತಾನೇ ಮುಚ್ಚಿಸಿದಳು.

ಯಾಕೆಂದರೆ ಅವಳ ಬಲಗೈ ಬಳಿ ಎರಡು ಡಬ್ಬಿಗಳಿದ್ದವು. ಒಂದರ ಕಾಡಿಗೆ ಗಟ್ಟಿ. ಬೆವರಿಗೂ ಕಣ್ಣೀರಿಗೂ ಜಗ್ಗದು, ಎಣ್ಣೆ ಹಚ್ಚಿ ಉಜ್ಜಿದರೆ ಮಾತ್ರ ಹೋಗುವಂಥದ್ದು. ಇನ್ನೊಂದು ಬೆಣ್ಣೆಯ ಹಾಗೆ ಮೆತ್ತಗೆ. ದೀಪದ ಬಿಸಿ ತಗುಲಿತೋ, ಕಣ್ಣು ಒಂದಿಷ್ಟು ಒದ್ದೆಯಾಯಿತೋ, ಸೀದಾ ಗಲ್ಲದವರೆಗೆ ಇಳಿಯುತ್ತದೆ.

ಅವಳು ತೆಗೆದದ್ದು ಎರಡನೆಯದನ್ನು. ಬೇಕೆಂದೇ!

ಇವತ್ತು ಸಂಜೆ ಕಂಪನಿಗೆ ದೊಡ್ಡ ಶೋ. ದೊಡ್ಡ ಸಭಾಂಗಣ, ಮುಂದಿನ ಸಾಲಿನಲ್ಲಿ ದೊಡ್ಡ ದೊಡ್ಡವರು. ಕೊನೆಯ ದೃಶ್ಯದಲ್ಲಿ ರಾಜ ಮಗನನ್ನು ಕಳೆದುಕೊಂಡು ಅಳಬೇಕು. ಅಳಲಿ! ಎರಡು ಕಪ್ಪು ಕಾಲುವೆ ಹರಿದು, ಮಹಾರಾಜ ಹೋಗಿ ಬಫೂನ್ ಆಗಿ ನಿಂತಾಗ ಇಡೀ ಸಭಾಂಗಣ ಹೊಟ್ಟೆ ಹಿಡಿದುಕೊಂಡು ನಗಲಿ. ನಾಲ್ಕು ಜನರ ಮುಂದೆ ಬೇಡವಾಗುವುದು ಹೇಗಿರುತ್ತದೆ ಅಂತ ಅವನಿಗೂ ಗೊತ್ತಾಗಲಿ!

ಅವಳಿಗೆ ಹಾಗೇ ಆಗಿತ್ತು, ಒಂದು ವರ್ಷದ ಹಿಂದೆ.

ಆಗ ಅವಳೂ ಅದೇ ಕಂಪನಿಯಲ್ಲಿದ್ದಳು. ಬೇರೆ ಯಾರು ಕಡ್ಡಿ ಹಿಡಿದು ಬಂದರೂ ಮಹಾರಾಜನ ರೆಪ್ಪೆ ಪಟಪಟ ಬಡಿದುಕೊಳ್ಳುತ್ತಿತ್ತು. ಇವಳ ಕೈಗೆ ಮಾತ್ರ ಸುಮ್ಮನಿರುತ್ತಿತ್ತು. "ನಿನ್ನ ಕೈ ಬಿಟ್ಟು ಇನ್ಯಾರ ಮಾತೂ ನನ್ನ ಕಣ್ಣು ಕೇಳಲ್ಲ ನೋಡು" ಎನ್ನುತ್ತಿದ್ದ. ಒಂದು ಸಂಜೆ ಕಾಡಿಗೆ ಹಚ್ಚಿ ಮುಗಿಸಿದಾಗ ಅವಳ ಬೆರಳು ಹಿಡಿದುಕೊಂಡಿದ್ದ. "ನಾಳೆ ಶೋ ಮುಗೀಲಿ. ನಿನಗೆ ಒಂದು ಮಾತು ಹೇಳ್ಬೇಕು..."

ಆ ರಾತ್ರಿ ಅವಳಿಗೆ ನಿದ್ದೆ ಎಲ್ಲಿಂದ ಬರಬೇಕು!

ಮರುದಿನ ಬಣ್ಣದ ಕೋಣೆಯ ಬಾಗಿಲಲ್ಲೇ ಮ್ಯಾನೇಜರ್ ತಡೆದಿದ್ದರು. ಅರ್ಧ ಮಾತು ನುಂಗಿ ಅರ್ಧ ಮಾತ್ರ ಆಡುವ ಆಸಾಮಿ. "ಮಹಾರಾಜ ಹೇಳಿದಾನೆ... ಕಾಡಿಗೆ ನೀನು ಬೇಡವಂತೆ" ಎಂದು ಸರಸರ ಹೋಗಿಬಿಟ್ಟರು. ಅವಳು ಇಣುಕಿ ನೋಡಿದರೆ, ಬೇರೊಬ್ಬ ಹುಡುಗಿ ಕಾಡಿಗೆ ಡಬ್ಬಿ ಹಿಡಿದು ಅವನ ಪಕ್ಕ ನಿಂತಿದ್ದಳು. ಅವನು ಆ ಹುಡುಗಿಗೆ ಏನೋ ಅಕ್ಕರೆಯಿಂದ ವಿವರಿಸುತ್ತಿದ್ದ.

ಹೇಳಬೇಕು ಅಂದಿದ್ದ ಮಾತು ಇದೇನಾ?!

ಬಣ್ಣ ಹಚ್ಚಿಕೊಳ್ಳುತ್ತಿದ್ದವರೆಲ್ಲ ತಿರುಗಿ ನೋಡಿದ್ದರು. ಅವಳು ಒಂದು ಮಾತೂ ಆಡದೆ ಮನೆಗೆ ಬಂದವಳು ಮತ್ತೆ ಅತ್ತ ತಲೆ ಹಾಕಲಿಲ್ಲ. ಅವನ ಫೋನು ಎತ್ತಲಿಲ್ಲ. ಮನೆಗೆ ಬಂದರೂ ಇಲ್ಲವೆನ್ನಿ ಎಂದು ಚಿಕ್ಕಮ್ಮನಿಗೆ ಕಟ್ಟಪ್ಪಣೆ ಮಾಡಿದ್ದಳು.

"ಈ ಕಣ್ಣು ಆಯ್ತು" ಎಂದಳು ಈಗ, ಮರಗಟ್ಟಿದ ದನಿಯಲ್ಲಿ. "ಆ ಕಡೆ ತಿರುಗಿ ಸರ್."

"ಸರ್ ಅನ್ಬೇಡ್ವೇ..."

"ಗಿರಾಕಿಗಳಿಗೆ ಮರ್ಯಾದೆ ಕೊಡೋದು ನನ್ನ ಅಭ್ಯಾಸ."

ಪಕ್ಕದಲ್ಲೇ ಬಟ್ಟೆ ಮಡಚುತ್ತಿದ್ದ ಚಿಕ್ಕಮ್ಮ ಒಮ್ಮೆ ಅವನನ್ನು, ಒಮ್ಮೆ ಡಬ್ಬಿಯನ್ನು ನೋಡಿ ಮತ್ತೆ ಬಟ್ಟೆ ಮಡಚಿದರು. ಆದರೆ ಬಹಳ ಹೊತ್ತಿನಿಂದ ಮಡಚುತ್ತಿದ್ದುದು ಅದೇ ಒಂದು ಟವೆಲ್ಲನ್ನು!

ಎರಡನೆಯ ಕಣ್ಣು ಅರ್ಧ ಆಗಿತ್ತು. ಅಷ್ಟರಲ್ಲಿ ಅವನ ಫೋನು ಬಡಿದುಕೊಂಡಿತು. ಮೇಲೆ ನೋಡುತ್ತಿದ್ದವನು ಕೈಯಾಡಿಸಿ ತಡಕಾಡಿದ. ಚಿಕ್ಕಮ್ಮ ಬಂದು ಯಾವುದೋ ಗುಂಡಿ ಒತ್ತಿದರು. ಮ್ಯಾನೇಜರ್ ದನಿ ಕೋಣೆಯ ತುಂಬ ಹರಡಿತು.

"ಏನಪ್ಪಾ ಮಹಾರಾಜ! ಅವಳು ಒಪ್ಪಿದ್ಲಾ? ಹಾಗಾದ್ರೆ ಸಂಜೆ ಇಲ್ಲಿಗೇ ಕರ್ಕೊಂಡು ಬಾ. ಕಾಡಿಗೆ ಅವಳನ್ನೇ ನಿಲ್ಲಿಸೋಣ!"

"ಅಯ್ಯೋ, ಬೇಡ ಬೇಡ!" ಅವನು ಗಾಬರಿಯಿಂದ ಕೂಗಿದ. "ಕಾಡಿಗೆ ಅವಳು ಬೇಡ! ಆವತ್ತೇ ಹೇಳಿರ್ಲಿಲ್ವಾ ನಿಮಗೆ?"

ಕಡ್ಡಿ ಅವಳ ಕೈಯಿಂದ ನೆಲಕ್ಕೆ ಬಿತ್ತು.

ಬೆಂಕಿಪೊಟ್ಟಣ ಭಗ್ಗೆಂದಿತು. "ಏನಂದ್ರಿ?! ನನ್ನ ಮನೇಲಿ, ನನ್ನ ಕುರ್ಚಿ ಮೇಲೆ ಕೂತು, ನನ್ನ ಕೈಲೇ ಹಚ್ಚಿಸ್ಕೊಳ್ತಾ... ಕಾಡಿಗೆ ನಾನು ಬೇಡ ಅಂತೀರಾ? ನನ್ನ ಕೈಗೇನು ರೋಗ ಬಂದಿದೆ?"

"ಕೈಗಲ್ಲ! ಕೈಗ್ಯಾಕೆ? ನಿನಗೆ ಉಬ್ಬಸ ಅಲ್ವಾ! ಅಲ್ಲಿ ಹೊಗೆ ಬಿಡ್ತಾರೆ!"

"ಹೊಗೆ? ಕಾಡಿಗೆಗೂ ಹೊಗೆಗೂ ಏನು ಸಂಬಂಧ?"

"ಇದೆಯಲ್ಲೇ" ಎಂದರು ಚಿಕ್ಕಮ್ಮ. "ಹೊಗೆ ಹಿಡಿದೇ ಅಲ್ವಾ ಕಾಡಿಗೆ ಮಾಡೋದು?"

"ಚಿಕ್ಕಮ್ಮಾ, ನೀವು ಸುಮ್ನಿರಿ!"

ಅವನು ಕುರ್ಚಿಯಿಂದ ಎದ್ದೇಬಿಟ್ಟ. ಒಂದೂವರೆ ಕಣ್ಣಿನ ಕಾಡಿಗೆಯಲ್ಲಿ ಅವಳನ್ನೇ ನೋಡಿದ. "ಕಾಡು ಕಣೇ! ಕಾಡು! ಮೂರನೇ ಅಂಕದ ಕಾಡು! ಮರದ ಪರದೆ ಇಳಿಸಿ, ಮಿಷನ್ನಿಂದ ಹೊಗೆ ಬಿಡ್ತಾರಲ್ಲ... ಆ ಕಾಡಿಗೆ! ದೃಶ್ಯದ ಮಧ್ಯೆ ನನ್ನ ಕಣ್ಣು ತಿದ್ದೋಕೆ ಅಂತ ಪರದೆ ಪಕ್ಕದಲ್ಲೇ ಒಬ್ರು ನಿಲ್ಬೇಕಲ್ಲ. ಆ ವಾರವೆಲ್ಲ ನೀನು ಪ್ರಾಕ್ಟೀಸ್ ಮುಗಿಸ್ಕೊಂಡು ಹಿಂದಿನ ಮೆಟ್ಟಿಲ ಮೇಲೆ ಕೂತು ಏದುಸಿರು ಬಿಡ್ತಿದ್ದೆ. ನಾನು ನೋಡಿದ್ದೆ. ಅದಕ್ಕೇ ಆ ಒಂದು ದೃಶ್ಯಕ್ಕೆ ಬೇರೆಯವರನ್ನ ನಿಲ್ಲಿಸಿ, ಕಾಡಿಗೆ ಅವಳು ಬೇಡ ಅಂದೆ!"

ಫೋನಿನೊಳಗಿನಿಂದ ಮ್ಯಾನೇಜರ್ ಕೆಮ್ಮಿದ್ದು ಕೇಳಿಸಿತು.

"ಕಾಡು..." ಎಂದಳು ಅವಳು. "ಕಾಡಿಗೆ..."

"ಕಾಡಿಗೆ ಹಚ್ಚೋದಕ್ಕೆ ಬೇಡ ಅನ್ನೋದಿದ್ರೆ 'ಕಾಡಿಗೆಗೆ' ಅಂತಿದ್ದೆ! ಇನ್ನೊಂದು 'ಗೆ' ಬೇಕಲ್ವೇನೇ ಅದಕ್ಕೆ?"

ಒಂದು 'ಗೆ'! ಒಂದು ಅಕ್ಷರ ಇಲ್ಲದ್ದಕ್ಕೆ ಒಂದು ವರ್ಷ! ಅವಳಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಎಷ್ಟು ದಿನ ಇವನಿಗೆ ಹಿಡಿಶಾಪ ಹಾಕಿದ್ದಳು! ಎಷ್ಟು ಸಲ ದಿಂಬಿಗೆ ಮುಖ ಒತ್ತಿ ಅತ್ತಿದ್ದಳು!

"ಅದನ್ನ ನನಗೇ ಹೇಳೋಕೆ ಏನಾಗಿತ್ತು ನಿನಗೆ?"

'ನಿನಗೆ' ಎಂದಿದ್ದಳು. ಅವಳಿಗದು ಗೊತ್ತಾಗಲಿಲ್ಲ. ಅವನಿಗೆ ಗೊತ್ತಾಯಿತು. ಅವನ ಮುಖ ಸಡಿಲಾಯಿತು.

"ನಿನಗೆ ಹೇಳಿದ್ರೆ ಕೇಳ್ತಿದ್ಯಾ? 'ನನಗೇನಾಗಿದೆ' ಅಂತ ಹೋಗಿ ಆ ಹೊಗೆ ಮಧ್ಯಾನೇ ನಿಲ್ತಿದ್ದೆ."

ಅದು ನಿಜ. ನಿಜವಾದದ್ದಕ್ಕೇ ಅವಳಿಗೆ ಇನ್ನಷ್ಟು ಸಿಟ್ಟು ಬಂತು. ಅಷ್ಟರಲ್ಲಿ ಅವನ ಕಣ್ಣಿನಂಚಿನಿಂದ ಒಂದು ಕಪ್ಪು ಗೆರೆ ಮೆಲ್ಲಗೆ ಕೆನ್ನೆಗಿಳಿದದ್ದು ಕಂಡಿತು. ಅವನ ಕಣ್ಣು ತುಂಬಿತ್ತು.

ಅಯ್ಯೋ ದೇವರೇ... ಆ ಡಬ್ಬಿ!

"ಕೂತ್ಕೋ! ಕೂತ್ಕೋ ಮೊದಲು! ಅಳ್ಬೇಡ!" ಅವಳು ಒದ್ದೆ ಬಟ್ಟೆ ತಂದು ಅವನ ಕೆನ್ನೆ ಒರೆಸತೊಡಗಿದಳು. "ಇದು ತಪ್ಪು ಕಾಡಿಗೆ. ನಾನು... ಬೇಕೂಂತಲೇ ಹಚ್ಚಿದ್ದು. ಸ್ಟೇಜ್ ಮೇಲೆ ನಿನ್ನ ಮುಖವೆಲ್ಲ ಕಪ್ಪಾಗ್ಲಿ, ಜನ ನಗ್ಲಿ ಅಂತ..."

"ಗೊತ್ತು."

"ಏನು ಗೊತ್ತು?"

"ನೀನು ಮುಚ್ಚಳ ತೆಗೆದಾಗ್ಲೇ ಗೊತ್ತಾಯ್ತು. ಎಷ್ಟು ವರ್ಷ ನಿನ್ನ ಡಬ್ಬಿಗಳ ಮುಂದೆ ಕೂತಿಲ್ಲ ನಾನು?"

"ಮತ್ತೆ ಸುಮ್ನೆ ಯಾಕೆ ಹಚ್ಚಿಸ್ಕೊಂಡೆ?!"

"ಯಾಕೆ ಬಿಟ್ಟುಹೋದೆ ಅಂತ ನನಗೆ ಗೊತ್ತಿರ್ಲಿಲ್ಲ. ಏನೋ ದೊಡ್ಡ ತಪ್ಪೇ ಮಾಡಿರ್ಬೇಕು ಅಂದ್ಕೊಂಡೆ. ಕಾಡಿಗೆ ಇಳಿದ್ರೆ ನಿನ್ನ ಕೋಪಾನೂ ಇಳಿಯತ್ತೆ ಅಂತಿದ್ರೆ... ಇಳೀಲಿ ಬಿಡು ಅನ್ನಿಸ್ತು."

ವರ್ಷವಿಡೀ ಸಾಕಿಕೊಂಡಿದ್ದ ಸೇಡು ಕಾಲು ಮುರಿದುಕೊಂಡು ಕೂತಿತ್ತು. ಅವಳು ಬಿಕ್ಕಿದಳು. ಅವನು ಎದ್ದು ಅವಳ ತಲೆಯನ್ನು ಎದೆಗೆ ಒತ್ತಿಕೊಂಡ. ಬಿಳಿ ಅಂಗಿಗೆ ಕಾಡಿಗೆ ಮೆತ್ತಿತು. ಯಾರ ಕಣ್ಣಿನದೋ, ಯಾರಿಗೆ ಬೇಕು!

"ಆವತ್ತು ಹೇಳ್ಬೇಕು ಅಂದಿದ್ದು..." ಎಂದಳು ಅವನ ಅಂಗಿಯೊಳಗಿನಿಂದಲೇ.

"ನೀನಂದ್ರೆ ನನಗೆ ಪ್ರಾಣ. ಮದುವೆ ಆಗ್ತೀಯಾ? ಇಷ್ಟೇ."

"ಇಷ್ಟು ಹೇಳೋಕೆ ಶೋ ಮುಗೀಬೇಕಿತ್ತಾ?"

"ರಾಜನ ಮಾತೆಲ್ಲ ಬಾಯಿಪಾಠ ಬರತ್ತೆ. ಇದೊಂದು ಬರ್ತಿರ್ಲಿಲ್ಲ."

ಅವಳು ಮೂಗೊರೆಸಿಕೊಂಡು ಗಟ್ಟಿ ಕಾಡಿಗೆಯ ಡಬ್ಬಿ ತೆಗೆದಳು. ಕಣ್ಣು ಕೆಂಪಾಗಿದ್ದರೂ ಗತ್ತು ಮಾತ್ರ ಹಾಗೇ ಇತ್ತು. "ಸೇಡು ತೀರಿದೆ ಅಂದ್ಕೊಳ್ಬೇಡ. ಒಂದು ವರ್ಷ ಅಳಿಸಿದೀಯ. ಶಿಕ್ಷೆ ಇದೆ."

"ಏನು ಬೇಕಾದ್ರೂ ಕೊಡು."

"ಇವತ್ತು ಕಾಡಲ್ಲಿ ನಾನೇ ನಿಲ್ತೀನಿ. ನಿನ್ನ ಪಕ್ಕದಲ್ಲೇ."

ಅವನ ಮುಖ ಬಿಳುಚಿತು. "ಆ ಹೊಗೇಲಿ? ಆಗಲ್ಲ ಕಣೇ. ನನ್ನ ಪ್ರಾಣ ಹೋದ್ರೂ ಆಗಲ್ಲ."

"ಹಾಗಾದ್ರೆ ಏನು ಮಾಡ್ತೀಯೋ ನೀನೇ ನೋಡು."

ಅವನು ಫೋನಿನತ್ತ ಬಾಗಿದ. "ಮ್ಯಾನೇಜರ್ರೇ, ಇದೀರಾ?"

"ಇದೀನಪ್ಪ..." ಆ ಕಡೆಯಿಂದ ಮೂಗು ಸೊರ್ರೆಂದ ಸದ್ದು ಬಂತು.

"ಇವತ್ತು ಕಾಡಿಗೆ ಹೊಗೆ ಬೇಡ."

"ತಲೆ ಕೆಟ್ಟಿದೆಯೇನಯ್ಯಾ! ಆ ಪರದೆ ಮೇಲಿನ ಮರ ನೋಡಿದೀಯಾ? ಹೂಕೋಸಿನ ಹಾಗಿದಾವೆ! ಹೊಗೆ ಇದ್ರೇನೇ ಅದು ಕಾಡು! ಅಷ್ಟು ದೊಡ್ಡವರ ಮುಂದೆ ನಿನ್ನನ್ನ ನೋಡಿ ಜನ ಬಿದ್ದು ಬಿದ್ದು ನಗ್ತಾರೆ!"

"ನಗ್ಲಿ" ಎಂದ ಅವನು, ಅವಳನ್ನೇ ನೋಡುತ್ತ. "ಕಾಡಿಗೆ ಅವಳು ಬೇಕು."

ಫೋನು ಆರಿಸಿ ಕುರ್ಚಿಯಲ್ಲಿ ಕುಳಿತ. ಅವಳು ಅವನ ಕೆನ್ನೆಯನ್ನು ಮತ್ತೆ ಅಂಗೈಗೆ ತೆಗೆದುಕೊಂಡಳು. ಚಿಕ್ಕಮ್ಮ ಟವೆಲ್ ಬಿಟ್ಟು, ಯಾರೂ ಕೇಳದಿದ್ದರೂ ಚಹಾಕ್ಕೆ ನೀರಿಡಲು ಒಳಗೆ ಹೋದರು.

"ಇನ್ಮೇಲೆ ನಾನು ಏನೋ ಅಂದೆ ಅಂತ ಯಾರಾದ್ರೂ ಬಂದು ಹೇಳಿದ್ರೆ?" ಎಂದ ಅವನು, ಸೂರು ನೋಡುತ್ತ.

"ಸೀದಾ ನಿನ್ನ ಹತ್ರ ಬಂದು ಜಗಳ ಆಡ್ತೀನಿ."

"ಆಡು. ದಿನಾ ಬೇಕಾದ್ರೂ ಆಡು. ಬಿಟ್ಟು ಮಾತ್ರ ಹೋಗ್ಬೇಡ ಕಣೇ."

"ಹೋಗಲ್ಲ ಕಣೋ" ಎಂದಳು ಅವಳು. "ಈಗ ಬಾಯಿ ಮುಚ್ಕೊಂಡು ಮೇಲೆ ನೋಡು."