ಕಾಗದದಲ್ಲಿ ಇಲ್ಲದ ಬಾವಿ

ಗುರುವಾರ ಬೆಳಿಗ್ಗೆ ಆರೂವರೆಗೆ ನಡೀನ್ ಕ್ರಾಂಡಲ್ ಅಡುಗೆಮನೆಯ ಮೇಜಿನ ಮೇಲೆ ಸಾಮಾನು ಹರಡಿಕೊಂಡು ನಿಂತಿದ್ದಳು. ಒಂದು ಹಗ್ಗದ ಸುರುಳಿ, ಒಂದು ನಕ್ಷೆ, ಜೊತೆಗೆ ಪ್ರತಿ ಆಗಸ್ಟಿನಲ್ಲೂ ಅವಳು ಬೀನ್ಸ್ ಹಾಕಿಡುವ ಅಗಲ ಬಾಯಿಯ ಮೂರು ಗಾಜಿನ ಜಾಡಿಗಳು.

"ನಾಳೆ ಸಂಜೆ ನಾಲ್ಕು ಗಂಟೆ," ಅಂದಳು. "ನಾಲ್ಕಕ್ಕೆ ಸರ್ಕಾರಿ ಆಫೀಸಲ್ಲಿ ಗ್ಯಾಸ್ ಕಂಪನಿ ಕಾಗದಕ್ಕೆ ಮೊಹರು ಬೀಳುತ್ತೆ. ಬಿದ್ರೆ ಸೋಮವಾರದಿಂದ ಗುಡ್ಡದ ಹೊಟ್ಟೆಗೆ ನೀರು ನುಗ್ಗಿಸಿ ಬಂಡೆ ಸೀಳಿ ಗ್ಯಾಸು ತೆಗೆಯೋಕೆ ಶುರು ಮಾಡ್ತಾರೆ. ಅಷ್ಟರೊಳಗೆ ಆ ಹಳೇ ಬಾವಿ ಸಿಗ್ಲೇಬೇಕು."

ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಅವಳ ಗಂಡ ಲೈಲ್ ಕೂತಿದ್ದ. ಎರಡೂ ಕೈಗೆ ಮೊಣಕೈವರೆಗೆ ಬಿಳಿ ಪಟ್ಟಿ. ಹದಿನೇಳು ದಿನದ ಹಿಂದೆ ನೀರಿನ ಪಂಪು ಹಾಕಲೆಂದು ಶೆಡ್ಡಿಗೆ ಹೋಗಿ ಸ್ವಿಚ್ ಒತ್ತಿದ್ದ, ಅಷ್ಟೆ. ಕುಡಿಯುವ ನೀರಿನ ಜೊತೆ ನೆಲದಿಂದ ಏರಿ ಬಂದು ಶೆಡ್ಡಿನೊಳಗೆ ತುಂಬಿಕೊಂಡಿದ್ದ ಗ್ಯಾಸು ಒಂದೇ ಕಿಡಿಗೆ ಚಾವಣಿಯನ್ನೇ ಎತ್ತಿ ಎಸೆದಿತ್ತು. ಮಾರನೆಯ ದಿನ ಕಂಪನಿಯ ಮನುಷ್ಯ ಬಂದ. ಇಸ್ತ್ರಿ ಮಾಡಿದ ಅಂಗಿ, ಮೆತ್ತನೆಯ ಮಾತು. "ಇದು ಜೌಗು ನೆಲದ ಗಾಳಿ ಮೇಡಂ, ಪ್ರಕೃತಿ ಸಹಜ," ಎಂದು ಹೇಳಿ, ಎರಡು ಪೆಟ್ಟಿಗೆ ಬಾಟಲಿ ನೀರು ಇಳಿಸಿ ಹೋದ. ಕಂಪನಿಯ ಅರ್ಜಿಯಲ್ಲಿ ಒಂದು ಸಾಲು ಹೀಗಿತ್ತು: ಅರ್ಧ ಮೈಲಿಯೊಳಗೆ ಹಳೆಯ ಬಾವಿಗಳು — ಇಲ್ಲ.

ಆ 'ಇಲ್ಲ' ನಡೀನಳ ಗಂಟಲಲ್ಲಿ ಮುಳ್ಳಾಗಿ ಕೂತಿತ್ತು. ಸ್ಲೇಟ್ ಹಳ್ಳದ ಮೇಲೆಲ್ಲೋ ಅಜ್ಜಂದಿರ ಕಾಲದ ಗ್ಯಾಸ್ ಬಾವಿಯಿದೆ ಎಂಬುದು ಕಣಿವೆಯ ಹನ್ನೊಂದು ಮನೆಗೂ ಗೊತ್ತು. ಎಲ್ಲಿ ಎಂಬುದು ಮಾತ್ರ ಯಾರಿಗೂ ಗೊತ್ತಿಲ್ಲ. ಕಂಪನಿಯ ಹೊಸ ಬಾವಿಯ ಒತ್ತಡ, ಈಗಲೇ ಸೋರುತ್ತಿರುವ ಆ ಹಳೇ ತೂತಿಗೆ ಸಿಕ್ಕರೆ ಈ ಸಲ ಹಾರುವುದು ಶೆಡ್ಡಲ್ಲ, ಮನೆ.

ಹೊರಗೆ ಹಳೆಯ ಟ್ರಕ್ಕೊಂದು ಕೆಮ್ಮುತ್ತ ನಿಂತಿತು. ಇಳಿದವನು ಅವಳ ಸೋದರಮಾವ ಆರ್ಲೋ. ಎಪ್ಪತ್ತೇಳು ವರ್ಷ, ಒಂದು ಮಂಡಿ ಅವನ ಮಾತು ಕೇಳುವುದಿಲ್ಲ. ನಲವತ್ತು ವರ್ಷ ಈ ಗುಡ್ಡಗಳ ಗ್ಯಾಸ್ ಬಾವಿಗಳನ್ನು ಕಾದವನು. ನೀರು ತುಂಬಿಕೊಂಡು ಉಸಿರುಗಟ್ಟಿದ ಬಾವಿಯೊಳಗೆ ಸೋಪಿನ ಕೋಲು ಇಳಿಬಿಟ್ಟು, ನೊರೆಯೆಬ್ಬಿಸಿ ನೀರು ಹೊರಹಾಕಿಸುವುದು ಅವನ ಕಸುಬು. ಈಗಲೂ ಕೋಟಿನ ಜೇಬಿನಲ್ಲಿ ಎರಡು ಕೋಲು ಇದ್ದವು.

ಹಿಂದೆಯೇ ಲೈಲನ ತಮ್ಮ ಗ್ರೇಡಿ ಬಂದ. ಅವನು ಅದೇ ಕಂಪನಿಯ ಬಾವಿ ಕೊರೆಯುವ ಆಳು. ಜ್ವರ ಎಂದು ಎರಡು ದಿನ ರಜೆ ಹಾಕಿದ್ದ.

"ಜ್ವರ ಬಂದವನ ಮುಖ ನೋಡು, ಇಡೀ ಹಂದಿ ತಿಂದು ಎದ್ದು ಬಂದಹಾಗಿದೆ," ಅಂದ ಆರ್ಲೋ.

"ನಿಮ್ಮ ಮಂಡಿಗಿಂತ ನನ್ನ ಜ್ವರ ವಾಸಿ ಬಿಡಿ," ಅಂದ ಗ್ರೇಡಿ. "ಅತ್ತಿಗೆ, ಕಂಪನಿ ರಸ್ತೆಗೆ ಗೇಟಿದೆ, ಕಾವಲಿದೆ. ಹಳ್ಳ ಹಿಡಿದು ನಡೆದೇ ಹೋಗ್ಬೇಕು."

"ನಡೆಯೋಣ," ಅಂದಳು ನಡೀನ್.

ಏಪ್ರಿಲ್ ತಿಂಗಳ ಸ್ಲೇಟ್ ಹಳ್ಳಕ್ಕೆ ಸೊಕ್ಕು ಜಾಸ್ತಿ. ಮೇಲಿನ ಹಿಮವೆಲ್ಲ ಕರಗಿ ಕಂದು ಬಣ್ಣದ ನೀರು ಕಲ್ಲುಗಳನ್ನು ಉರುಳಿಸಿಕೊಂಡು ಬರುತ್ತಿತ್ತು. ಎರಡೂ ದಂಡೆಯಲ್ಲಿ ಹೆಮ್ಲಾಕ್ ಮರಗಳು, ಅವುಗಳ ಕೆಳಗೆ ಬೇಸಿಗೆ ಬಂದರೂ ಹೋಗದ ತಣ್ಣನೆಯ ಕತ್ತಲೆ. ಬಿಸಿಲು ಬಿದ್ದ ಕಡೆಯೆಲ್ಲ ಕಾಡು ಈರುಳ್ಳಿಯ ಹಸಿರು ಎಲೆ ಎದ್ದು, ಕಾಲಿಟ್ಟರೆ ಘಮ್ ಎನ್ನುತ್ತಿತ್ತು. ಬೇರೆ ವರ್ಷವಾಗಿದ್ದರೆ ನಡೀನ್ ಚೀಲ ತುಂಬಿಕೊಳ್ಳುತ್ತಿದ್ದಳು. ಈಗ ತುಳಿದುಕೊಂಡೇ ಹೋದಳು.

ಮೂರನೇ ಮೈಲಿಯಲ್ಲಿ ದಾರಿ ಮುಗಿಯಿತು. ಎದುರಿಗೆ ಜಾರುವ ಕಲ್ಲಿನ ಅಂಚು, ಒಂದು ಪಾದದಷ್ಟೇ ಅಗಲ. ಕೆಳಗೆ ಹಳ್ಳ.

"ಹೊಟ್ಟೆ ಬಂಡೆಗೆ ಒತ್ತಿ. ಕೆಳಗೆ ನೋಡ್ಬೇಡಿ," ಗ್ರೇಡಿ ಕೂಗಿದ.

"ನನ್ನ ಹೊಟ್ಟೆ ಮೊದಲೇ ಒತ್ಕೊಂಡಿದೆ ಕಣೋ!" ಆರ್ಲೋನ ದನಿ.

ಒಬ್ಬೊಬ್ಬರಾಗಿ ದಾಟಿದರು. ಆಮೇಲೆ ಲಾರೆಲ್ ಪೊದೆ. ಅದರ ಕೊಂಬೆಗಳು ಒಂದಕ್ಕೊಂದು ಹೆಣೆದುಕೊಂಡು ಆಳೆತ್ತರದ ಬಲೆಯಾಗಿದ್ದವು. ಮುನ್ನೂರು ಗಜ ಮೊಣಕಾಲಲ್ಲಿ ತೆವಳುವಷ್ಟರಲ್ಲಿ ಎರಡು ಗಂಟೆ ಕಳೆಯಿತು. ನಡೀನಳ ಕೆನ್ನೆ ಸೀಳಿ ರಕ್ತ ಬಂತು. ಪೊದೆಯ ಆಚೆ ಕಣಿವೆ ಎರಡಾಗಿ ಒಡೆದಿತ್ತು.

"ಎಡಗಡೆ," ಅಂದ ಆರ್ಲೋ ತಕ್ಷಣ. "ಬಾವಿ ಎಡಗಡೆನೇ. ಬಲಗಡೆ ಬರೀ ಕಲ್ಲು."

ಎಡಗಡೆ ಕಣಿವೆಯಲ್ಲಿ ಸಂಜೆಯವರೆಗೆ ಹುಡುಕಿದರು. ಕಂಡ ಕಂಡ ಹೊಂಡಕ್ಕೆಲ್ಲ ಆರ್ಲೋ ಸೋಪು ತುರಿದು ಹಾಕಿದ. ನೆಲದಿಂದ ಗ್ಯಾಸು ಬರುತ್ತಿದ್ದರೆ ನೊರೆ ತಾನಾಗಿಯೇ ಎದ್ದು ಉಬ್ಬಬೇಕು. ಒಂದು ಗುಳ್ಳೆಯೂ ಬರಲಿಲ್ಲ.

"ಇಲ್ಲ ಅಂದ್ಮೇಲೆ ಇಲ್ಲ," ಅಂದ ಆರ್ಲೋ. ಬೇಗ ಅಂದ.

ರಾತ್ರಿ ತಂಗಲು ಬೇಟೆಗಾರರ ಮರದ ಗುಡಿಸಲೊಂದು ಸಿಕ್ಕಿತು. ಒಲೆ ಹೊತ್ತಿಸಿ, ಒಣಗಿಸಿದ ಜಿಂಕೆ ಮಾಂಸ ಹಂಚಿಕೊಂಡರು. ನಡೀನ್ ತಿನ್ನಲಿಲ್ಲ. "ಕಂಪನಿ ಸರ್ವೆಯವನೂ ಹೀಗೇ ಹುಡುಕಿ, ಸಿಗದೆ 'ಇಲ್ಲ' ಅಂತ ಬರೆದಿರ್ಬೇಕು," ಅಂದಳು ತನಗೆ ತಾನೇ.

ಗ್ರೇಡಿ ಮಾಂಸ ಅಗಿಯುವುದನ್ನು ನಿಲ್ಲಿಸಿದ.

"ಅವನು ಹುಡುಕಲಿಲ್ಲ ಅತ್ತಿಗೆ."

"ಅಂದ್ರೆ?"

"ಅವನ ಗಾಡಿ ಓಡ್ಸಿದ್ದು ನಾನೇ. ಕಂಪನಿ ರಸ್ತೇಲಿ ಹೋಗಿ ಬಲಗಡೆ ಕಣಿವೆ ಬುಡದಲ್ಲಿ ನಿಲ್ಲಿಸ್ದೆ. ಇಳೀಲೇ ಇಲ್ಲ. ಮಳೆ ಬರ್ತಿದೆ, ಶೂ ಕೆಡುತ್ತೆ ಅಂದ. ಸೀಟಲ್ಲೇ ಕೂತು ಸ್ಯಾಂಡ್‌ವಿಚ್ ತಿಂದ್ಕೊಂಡು ಫಾರಂ ತುಂಬ್ದ. ನಾನು ಉಚ್ಚೆ ಹೊಯ್ಯೋಕೆ ಮರೆಗೆ ಹೋದಾಗ ಒಂದು ಹೊಂಡ ನೋಡ್ದೆ. ಕೆಟಲ್ ಕುದಿಯೋ ಹಾಗೆ ಕುದೀತಿತ್ತು. ಬಂದು ಹೇಳ್ದೆ. 'ಸಂಬಳ ಬೇಡ್ವಾ ನಿನಗೆ?' ಅಂದ."

"ಯಾವಾಗ ಇದು?"

"ಫೆಬ್ರವರಿ."

ನಡೀನ್ ಎದ್ದು ನಿಂತಳು. "ಫೆಬ್ರವರಿ! ನಿಮ್ಮಣ್ಣನ ಕೈ ಸುಟ್ಟಿದ್ದು ಮಾರ್ಚಲ್ಲಿ ಕಣೋ! ಆಸ್ಪತ್ರೆಗೆ ಕಿತ್ತಳೆ ಹಣ್ಣು ತಗೊಂಡು ಬಂದ್ಯಲ್ಲ, ಮಂಚದ ಮೇಲೆ ಕೂತು ಸುಲಿದು ತಿನ್ನಿಸಿದ್ಯಲ್ಲ, ಆಗಲೂ ನಿನ್ನ ಬಾಯಿ ಬಿಚ್ಚಲಿಲ್ವಾ?"

"ಟ್ರಕ್ಕಿನ ಕಂತಿದೆ, ಮಗು ಬರೋದಿದೆ… ಗ್ಯಾಸಲ್ಲಿ ಬಿಟ್ರೆ ಈ ಊರಲ್ಲಿ ಇನ್ನೆಲ್ಲಿದೆ ಅತ್ತಿಗೆ ಕೆಲಸ?" ಗ್ರೇಡಿ ತಲೆ ಎತ್ತಲಿಲ್ಲ. "ತಪ್ಪಾಯ್ತು. ಅದಕ್ಕೇ ಬಂದೆ."

ಅವಳು ಗಕ್ಕನೆ ಇನ್ನೊಂದು ಕಡೆ ತಿರುಗಿದಳು. "ಬಲಗಡೆ ಬರೀ ಕಲ್ಲು ಅಂದೆ ಮಾಮ. ನಲವತ್ತು ವರ್ಷ ಈ ಗುಡ್ಡ ತಿರುಗಿದವನು ನೀನು. ಯಾಕಂದೆ?"

ಆರ್ಲೋ ಒಲೆಯನ್ನೇ ನೋಡುತ್ತಿದ್ದ. ಒಂದು ಕಟ್ಟಿಗೆ ಒಳಗೆ ತಳ್ಳಿದ.

"ಅದನ್ನ ಮುಚ್ಚಿದ್ದು ನಾನು. ನಾನು, ನಮ್ಮಪ್ಪ. ನನಗೆ ಹತ್ತೊಂಬತ್ತು. ಗ್ಯಾಸು ಕಮ್ಮಿ ಆಗಿತ್ತು, ಒಡೆಯರು ಬಿಟ್ಟು ಹೋಗಿದ್ರು. ಒಳಗಿನ ಕಬ್ಬಿಣದ ಕೊಳವೆ ಎಳೆದು ಗುಜರಿಗೆ ಮಾರಿದ್ವಿ. ಎಲ್ಲರೂ ಹಂಗೇ ಮಾಡ್ತಿದ್ರು ಆಗ. ಆಮೇಲೆ ಒಂದು ಹೆಮ್ಲಾಕ್ ದಿಮ್ಮಿ ಚೂಪು ಮಾಡಿ ತೂತಿಗೆ ಹೊಡೆದು, ಮೇಲೆ ಕಲ್ಲು ಪೇರಿಸಿ ಬಂದ್ವಿ. ಸಿಮೆಂಟಿಗೆ ದುಡ್ಡೆಲ್ಲಿ? ಆ ಗುಜರಿ ದುಡ್ಡಲ್ಲೇ ನಿಮ್ಮಮ್ಮನ ಮದುವೆ ಕೇಕು ಬಂತು."

"ನನ್ನ ಇಡೀ ದಿನ ತಪ್ಪು ಕಣಿವೇಲಿ ತಿರುಗಿಸ್ದೆ."

"ಲೈಲ್ ಕೈ ನೋಡ್ದಾಗಿಂದ ನಿದ್ದೆ ಇಲ್ಲ ಕಣೇ. ಅಂಥ ದಿಮ್ಮಿ ಹದಿನಾಲ್ಕು ಹೊಡೆದಿದ್ದೀನಿ ನಾನು. ಮರ ಕೊಳೆಯುತ್ತೆ ಅಂತ ಯಾರಿಗೆ ಗೊತ್ತಿರಲ್ಲ? ನಮಗೂ ಗೊತ್ತಿತ್ತು."

ನಡೀನಳಿಗೆ ಕೈಗೆ ಸಿಕ್ಕ ತಟ್ಟೆ ಎತ್ತಿ ಗೋಡೆಗೆ ಹೊಡೆಯಬೇಕೆನಿಸಿತು. ಹೊಡೆದಳು ಕೂಡ. ತಗಡಿನ ತಟ್ಟೆ ಠಣ್ಣೆಂದು ಬಿದ್ದು ಗಿರಗಿರ ತಿರುಗಿ ನಿಂತಿತು.

"ಬೆಳಕು ಹರಿದ ತಕ್ಷಣ ಬಲಗಡೆ," ಅಂದಳು. "ಇಬ್ಬರೂ ನನ್ನ ಮುಂದೆ ನಡೀರಿ. ಹಿಂದೆ ಬಿಟ್ಕೊಳ್ಳೋ ನಂಬಿಕೆ ನನಗಿಲ್ಲ."

ಬೆಳಿಗ್ಗೆ ಎಂಟಕ್ಕೆ ಹೊಂಡ ಕಂಡಿತು. ಬಂಡೆಯ ಸೀಳಿನ ಬಾಯಲ್ಲಿ, ಒಂದು ಹಾಸಿಗೆಯಷ್ಟು ಅಗಲ. ಸುತ್ತ ಹುಲ್ಲಿಲ್ಲ, ಪಾಚಿಯಿಲ್ಲ. ನೀರು ತಣ್ಣಗಿತ್ತು, ಆದರೂ ಕುದಿಯುತ್ತಿತ್ತು. ಆರ್ಲೋ ಸೋಪಿನ ಕೋಲೊಂದನ್ನು ಒಳಗೆ ಬಿಟ್ಟ. ಎರಡು ನಿಮಿಷಕ್ಕೆ ನೊರೆ ಮೊಣಕಾಲೆತ್ತರ ಎದ್ದು ಕಲ್ಲುಗಳ ಮೇಲೆ ಉಕ್ಕಿ ಹರಿಯಿತು.

"ಪ್ರಕೃತಿ ಸಹಜ!" ನಡೀನ್ ಹಲ್ಲು ಕಚ್ಚಿದಳು.

ಗ್ರೇಡಿ ಜಾಡಿಗಳಲ್ಲಿ ನೀರು ತುಂಬಿ, ಹೊಂಡದೊಳಗೆ ಬೋರಲು ಹಿಡಿದ. ಗುಳ್ಳೆಗಳು ಒಳಗೇರಿ ನೀರನ್ನು ಕೆಳಗೆ ತಳ್ಳಿದವು. ಬಾಯಿಯ ಹತ್ತಿರ ಎರಡು ಬೆರಳು ನೀರು ಉಳಿದಾಗ, ನೀರಿನೊಳಗೇ ಮುಚ್ಚಳ ತಿರುಗಿಸಿದ. ಮೂರು ಜಾಡಿ ಗ್ಯಾಸು.

ಆದರೆ ಅದಷ್ಟೇ ಸಾಲದು. ಬಾವಿ ಎಂದು ತೋರಿಸಲು, ಕೊಳವೆ ಎಳೆದ ಮೇಲೂ ಅದರ ಬಾಯಲ್ಲಿ ಉಳಿದ ಕಬ್ಬಿಣದ ಬಳೆಯ ಚಿತ್ರ ಬೇಕು. ಅದು ಇದ್ದದ್ದು ಸೀಳಿನ ಒಳಗೆ, ಕಲ್ಲುಗಳ ಹಿಂದೆ.

"ನಾನೇ ಮುಚ್ಚಿದ್ದು. ನಾನೇ ತೋರಿಸ್ತೀನಿ," ಆರ್ಲೋ ಸೊಂಟಕ್ಕೆ ಹಗ್ಗ ಬಿಗಿದು, ನಡೀನಳ ಫೋನು ಇಸಿದುಕೊಂಡ.

"ತಲೆ ಕೆಳಗೇ ಇರ್ಲಿ," ಗ್ರೇಡಿ ಎಚ್ಚರಿಸಿದ. "ಗ್ಯಾಸು ಹಗುರ, ಚಾವಣಿಗೆ ಕೂತಿರುತ್ತೆ. ಎದ್ದು ನಿಂತ್ರೆ ಉಸಿರಾಡೋಕೆ ಗಾಳಿನೇ ಇರಲ್ಲ."

"ನನಗೇ ಹೇಳ್ಕೊಡು!" ಮುದುಕ ತೆವಳಿಕೊಂಡು ಒಳಹೊಕ್ಕ.

ಕಲ್ಲು ಸರಿಸುವ ಸದ್ದು ಕೇಳಿತು. ನಡೀನಳ ಫೋನಿನ ಬೆಳಕು ಒಳಗೆ ಎರಡು ಸಲ ಮಿನುಗಿತು.

"ಸಿಕ್ತು! ಬಳೆ ಇದೆ! ದಿಮ್ಮಿ ಪುಡಿಪುಡಿ…"

ಮಾತು ನಿಂತಿತು.

"ಮಾಮ?"

ಗ್ರೇಡಿಯ ಎದೆಗೆ ಸಿಕ್ಕಿಸಿದ್ದ ಗ್ಯಾಸ್ ಮೀಟರು ಕಿರುಚತೊಡಗಿತು. ಸೀಳಿನೊಳಗೆ ಧೊಪ್ಪೆಂದು ಏನೋ ಬಿತ್ತು. ಮಂಡಿ ನೋವೆಂದು ಎದ್ದು ನಿಂತಿದ್ದನೋ ಏನೋ.

"ಎಳಿ!" ನಡೀನ್ ಕೂಗಿದಳು.

ಹಗ್ಗ ಬಿಗಿಯಿತು. ಬರಲಿಲ್ಲ.

"ಬೂಟು ಸಿಕ್ಕಿಬಿದ್ದಿರ್ಬೇಕು," ಅಂದ ಗ್ರೇಡಿ. "ನಾನು ಹೋಗ್ತೀನಿ."

"ನೀನು ದಪ್ಪ ಕಣೋ, ಹಿಡಿಸಲ್ಲ!" ನಡೀನ್ ಎದೆ ತುಂಬ ಉಸಿರೆಳೆದು, ಮುಖವನ್ನು ನೆಲಕ್ಕೆ ಹಚ್ಚಿ ಒಳಗೆ ನುಗ್ಗಿದಳು.

ಕತ್ತಲೆ. ಕೈಗೆ ಬೂಟು ಸಿಕ್ಕಿತು. ಎರಡು ಕಲ್ಲುಗಳ ನಡುವೆ ತಿರುಚಿಕೊಂಡಿತ್ತು. ಲೇಸು ಎಳೆದಳು, ಬಿಚ್ಚಲಿಲ್ಲ. ಕಿವಿಯಲ್ಲಿ ಡೋಲು. ಜೇಬಿನಲ್ಲಿ ಚಾಕು ಹುಡುಕಿ ಲೇಸು ಕುಯ್ದಳು. ಕಾಲು ಜಾರಿ ಹೊರಬಂತು. ಹಗ್ಗವನ್ನು ಎರಡು ಸಲ ಜಗ್ಗಿದಳು.

ಮೂವರೂ ಹೊಂಡದ ಪಕ್ಕ ಕೆಸರಿನಲ್ಲಿ ಬಿದ್ದುಕೊಂಡರು. ಆರ್ಲೋನ ತುಟಿ ನೀಲಿಯಾಗಿತ್ತು. ನಡೀನ್ ಅವನ ಎದೆ ಗುದ್ದಿದಳು, ಕೆನ್ನೆಗೆ ಹೊಡೆದಳು. "ಏಳು! ಹೇಳಿಕೆ ಕೊಡದೆ ಸಾಯೋ ಹಾಗಿಲ್ಲ ನೀನು! ಏಳು!"

ಮುದುಕ ಕೆಮ್ಮಿದ. ಒಂದು ಕಣ್ಣು ತೆರೆದ. "ಎಷ್ಟು ಹೊಡೀತೀಯೇ," ಅಂದ, ಕೋಟಿನ ಜೇಬಿನಿಂದ ಫೋನು ತೆಗೆದುಕೊಡುತ್ತ. "ಫೋಟೋ ಬಂತಾ ನೋಡು."

ಬಂದಿತ್ತು. ಕೆಂಪಗೆ ತುಕ್ಕು ಹಿಡಿದ ಬಳೆ, ಒಳಗೆ ಕೊಳೆತ ಮರ. ಜಾಗದ ಅಕ್ಷಾಂಶ, ರೇಖಾಂಶವೂ ಫೋನಿನಲ್ಲಿ ದಾಖಲಾಗಿತ್ತು.

ಹಿಂತಿರುಗುವಾಗ ಗ್ರೇಡಿ ಆರ್ಲೋನನ್ನು ಅರ್ಧ ದಾರಿ ಹೊತ್ತೇ ತಂದ. ಹಳ್ಳ ನಿನ್ನೆಗಿಂತ ಒಂದು ಅಡಿ ಏರಿ, ಕಲ್ಲಿನ ಅಂಚನ್ನು ನುಂಗಿತ್ತು. ಹಗ್ಗವನ್ನು ಮರಕ್ಕೆ ಬಿಗಿದು, ಸೊಂಟದವರೆಗಿನ ಹಿಮದ ನೀರಿನಲ್ಲಿ ದಾಟಿದರು. ನಡುವೆ ತೇಲಿಬಂದ ಕೊಂಬೆಯೊಂದು ನಡೀನಳ ಬೆನ್ನಿಗೆ ಬಡಿಯಿತು. ಚೀಲದೊಳಗೆ ಗಾಜು ಒಡೆದದ್ದು ಅವಳಿಗೆ ಕೇಳಿಸಿತು. ದಂಡೆಗೆ ಬಂದು ಬಿಚ್ಚಿದರೆ ಎರಡು ಜಾಡಿ ಚೂರಾಗಿದ್ದವು. ಆರ್ಲೋನ ಉಣ್ಣೆ ಟೋಪಿಯಲ್ಲಿ ಸುತ್ತಿದ್ದ ಮೂರನೆಯದು ಮಾತ್ರ ಉಳಿದಿತ್ತು.

ನಾಲ್ಕಕ್ಕೆ ಹನ್ನೆರಡು ನಿಮಿಷ ಇರುವಾಗ ಮೂವರೂ ಆಫೀಸಿನ ಜಮಖಾನದ ಮೇಲೆ ಕೆಸರು ಸುರಿಸುತ್ತ ನಿಂತರು. ಮೇಜಿನ ಹಿಂದೆ ಅಧಿಕಾರಿ ಮಿಸೆಸ್ ಪೆಟ್ರೀ. ಪಕ್ಕದಲ್ಲಿ ಅದೇ ಇಸ್ತ್ರಿ ಅಂಗಿಯವನು.

ನಡೀನ್ ಜಾಡಿಯನ್ನು ಅರ್ಜಿಯ ಮೇಲೇ ಕುಕ್ಕಿದಳು.

"ಖಾಲಿ ಜಾಡಿ," ಅಂದ ಅಂಗಿಯವನು ನಗುತ್ತ.

"ಖಾಲಿನಾ? ಮುಚ್ಚಳ ತೆಗೆದು ಕಡ್ಡಿ ಗೀರು. ನಿನ್ನ ಕೈಯಿಂದಲೇ ಗೀರು."

ಅವನು ಕೈ ಹಿಂದೆ ತೆಗೆದುಕೊಂಡ. ಮಿಸೆಸ್ ಪೆಟ್ರೀ ಫೋನಿನ ಚಿತ್ರ ನೋಡಿದರು, ನಕ್ಷೆ ಅಳೆದರು. "ಹೊಸ ಬಾವಿಯಿಂದ ಕಾಲು ಮೈಲಿ ಕೂಡ ಇಲ್ಲ. ಸರ್ವೆಯವರು 'ಇಲ್ಲ' ಅಂದಿದ್ದಾರಲ್ಲ?"

"ಅವರು ಗಾಡಿಯಿಂದ ಇಳೀಲಿಲ್ಲ," ಗ್ರೇಡಿ ಮುಂದೆ ಬಂದ. "ಗಾಡಿ ಓಡಿಸಿದ್ದು ನಾನು. ಬರೆದು ಸಹಿ ಹಾಕ್ತೀನಿ."

"ಸೋಮವಾರ ಕೆಲಸಕ್ಕೆ ಬರ್ಬೇಡ," ಅಂದ ಅಂಗಿಯವನು. ಆಮೇಲೆ ಅಧಿಕಾರಿಯತ್ತ ತಿರುಗಿದ. "ಅದು ಅಜ್ಜನ ಕಾಲದ ತೂತು. ನಮ್ಮದಲ್ಲ. ಮುಚ್ಚೋಕೆ ಒಂದು ಲಕ್ಷ ಡಾಲರ್. ಯಾರು ಕೊಡ್ತಾರೆ?"

"ಅದರ ಲೆಕ್ಕ ಇಷ್ಟು ದಿನ ನನ್ನ ಗಂಡನ ಚರ್ಮದಲ್ಲಿ ಹಾಕಿದ್ರಲ್ಲ," ಅಂದಳು ನಡೀನ್. "ಗ್ಯಾಸು ಅಗ್ಗ, ಗ್ಯಾಸು ಅಗ್ಗ ಅಂತ ಪಟ್ಟಣದಲ್ಲಿ ಬೋರ್ಡು ಹಾಕ್ತೀರಿ. ಅಗ್ಗ ಆಗೋದು ಹೀಗೆ."

ಮಿಸೆಸ್ ಪೆಟ್ರೀ ಬೇರೊಂದು ಫಾರಂ ತೆಗೆದರು. "ಬಾವಿಯನ್ನು ಯಾವುದರಿಂದ ಮುಚ್ಚಲಾಗಿದೆ? ಗೊತ್ತಿದ್ದರೆ ಮಾತ್ರ ಹೇಳಿ."

ಕುರ್ಚಿಯಲ್ಲಿ ಒಂದೇ ಬೂಟಿನಲ್ಲಿ ಕೂತಿದ್ದ ಆರ್ಲೋ ಎದ್ದು ನಿಂತ. "ಹೆಮ್ಲಾಕ್ ದಿಮ್ಮಿ ಅಂತ ಬರೀರಿ. ಹೊಡೆದವನು ಆರ್ಲೋ ಹಸ್ಕಿನ್ಸ್. ಇನ್ನೂ ಹದಿಮೂರಿವೆ. ಹಾಳೆ ಸಾಕಾಗಲ್ಲ, ಇನ್ನೊಂದು ತಗೊಳ್ಳಿ."

ನಾಲ್ಕು ಗಂಟೆ ಬಡಿಯಿತು. ಮೊಹರು ಬಿತ್ತು, 'ತಡೆಹಿಡಿಯಲಾಗಿದೆ' ಎಂಬ ಮೊಹರು. ಹಳೇ ಬಾವಿಗೆ ಸಿಮೆಂಟು ತುಂಬುವವರೆಗೆ ಗುಡ್ಡದ ಕೆಳಗೆ ಒಂದು ಹನಿ ನೀರೂ ನುಗ್ಗಿಸುವ ಹಾಗಿಲ್ಲ. ಜಾಡಿ ಪರೀಕ್ಷೆಗೆ ಹೋಯಿತು.

ಮನೆಯಲ್ಲಿ ಲೈಲ್ ಬಾಗಿಲಲ್ಲೇ ನಿಂತಿದ್ದ. "ಸಿಕ್ತಾ?"

"ಸಿಕ್ತು. ಕಂಪನಿ ಕೆಲಸ ನಿಂತಿದೆ." ನಡೀನ್ ಒದ್ದೆ ಬೂಟು ಕಿತ್ತೆಸೆದಳು. "ಸಿಟ್ಟು ಮಾತ್ರ ನಿಂತಿಲ್ಲ."

"ಜಾಡಿಗಳೆಲ್ಲಿ?"

"ಮೂರೂ ಹೋದ್ವು."

ಲೈಲ್ ಪಟ್ಟಿ ಕಟ್ಟಿದ ಕೈಗಳನ್ನು ನೋಡಿಕೊಂಡ. "ಬೀನ್ಸಿಗೆ?"

"ಬೇರೆ ತರೋಣ," ಅಂದಳು ಅವಳು, ಕಂಪನಿಯ ಬಾಟಲಿ ನೀರನ್ನು ಕಾಫಿಗೆ ಬಗ್ಗಿಸುತ್ತ. "ಆಗಸ್ಟಿಗೆ ನೀನು ಕೈ ಸರಿಮಾಡ್ಕೊ. ಕೀಳೋಕೆ ಆಳು ಬೇಕು ನನಗೆ."