ಕಂಬಳಿಯವನ ಪದ

ಗಂಗಾಧರಪ್ಪ ಕೂಡಿಹಾಕಿ ಪುಸ್ತಕ ಮಾಡಿದ್ದ ಹಾಡುಗಳನ್ನು ಅಚ್ಚುಕೂಟದ ಕಲ್ಲೇಶಪ್ಪ ಒಂದಕ್ಷರ ಬಿಡದೆ ಎತ್ತಿ ಅಚ್ಚು ಹಾಕಿದ್ದ. ಊರೂರು ಅಲೆದು, ರಾಗಿ ಬೀಸುವ ಹೆಂಗಸರ ಪಕ್ಕ ಕೂತು ಬರೆದುಕೊಂಡ ಹಾಡುಗಳು ಅವು. ಈಗ ಅರಸೀಕೆರೆ ಸ್ಟೇಷನ್ನಿನಲ್ಲಿ ಇಳಿದು ಮಾಲೇಕಲ್ಲಿನ ಜಾತ್ರೆಗೆ ಹೋಗುವ ಜನ ಕಲ್ಲೇಶಪ್ಪನ ಬಣ್ಣದ ರಟ್ಟಿನ ಪುಸ್ತಕವನ್ನೇ ಕೊಳ್ಳುತ್ತಿದ್ದರು. ಜಗಳಕ್ಕೆ ಹೋದರೆ ಅವನು ಅಚ್ಚಿನ ಮೊಳೆ ಜೋಡಿಸುತ್ತಲೇ ನಕ್ಕ.

"ಹಳ್ಳಿ ಹಾಡಿಗೆ ಯಜಮಾನ ಯಾರ್ರೀ? ನೀವು ಬರಕೊಂಡ್ರಿ, ನಾನು ಅಚ್ಚು ಹಾಕ್ದೆ. ನೀವೇ ಕಟ್ಟಿದ ಪದ ಆಗಿದ್ರೆ ಕೋರ್ಟಿಗೆ ಹೋಗಿ."

ಆ ಮಾತು ಗಂಗಾಧರಪ್ಪನ ತಲೆಯಲ್ಲಿ ಕೂತಿತು. ಮಂಡಿ ಸವೆದಿತ್ತು, ಇನ್ನು ಅಲೆಯುವ ತ್ರಾಣವಿರಲಿಲ್ಲ. ತಾನೇ ಕಟ್ಟಿದ ಪದವೊಂದು ಬೇಕಿತ್ತು. ಕಟ್ಟಲು ಬರುತ್ತಿರಲಿಲ್ಲ. ಹಾಗಾದರೆ ಕದಿಯಬೇಕು, ಯಾರಿಗೂ ಗೊತ್ತಾಗದಂತೆ.

ಹಳೇಬೀಡಿನ ಆಚೆಯ ಹಳ್ಳಿಯೊಂದರಲ್ಲಿ ಬೀರಮ್ಮ ಎಂಬ ಒಂಟಿ ಮುದುಕಿ ಒಂದು ಪದ ಹಾಡುತ್ತಿದ್ದಳು. ಕಂಬಳಿ ಮಾರಲು ಹೋದವನು ಮರಳುವುದಿಲ್ಲ; ಹೆಂಡತಿ ಬಾಗಿಲಲ್ಲಿ ನಿಂತು ಕಾಯುತ್ತಾಳೆ.

ಕರಿಯ ಕಂಬಳಿಯವನು ಕರೆದರೂ ಏಳವಲ್ಲ
ಮುರುಕು ಮಂಟಪದ ಹುಣಸೆಯ ಬೇರಡಿ
ಕಡಗ ತೊಟ್ಟಂಗೇ ಮಲಗವ್ನೆ

ಎಷ್ಟು ತಲೆಮಾರುಗಳ ಬಾಯಲ್ಲಿ ಸವೆದು ಇಷ್ಟು ನುಣುಪಾಯಿತೋ ಎಂದುಕೊಂಡ ಗಂಗಾಧರಪ್ಪ.

"ಇದ್ನ ಅಚ್ಚಾಕ್ಸಿ ಸ್ವಾಮಿ," ಎಂದಳು ಬೀರಮ್ಮ, ಕೆಮ್ಮುತ್ತಾ. "ಎಲ್ಲಾ ಊರ್ಗೂ ಹೋಗ್ಲಿ. ನಾನ್ ಸತ್ತ್ ಮ್ಯಾಲೆ ಹಾಕ್ಸಿ, ಈಗ ಬ್ಯಾಡ."

ಅವನಿಗೂ ಅದೇ ಬೇಕಿತ್ತು. ಯಾಕೆಂದು ಕೇಳಲಿಲ್ಲ.

ಮೊದಲು ಆ ಪದ ಬೇರೆ ಬಾಯಲ್ಲಿ ಇಲ್ಲವೆಂದು ಖಾತ್ರಿ ಮಾಡಿಕೊಂಡ. ಕಣಕಟ್ಟೆಯಲ್ಲಿ ಕೇಳಿದ, ಬಿಕ್ಕೋಡಿನ ಕಾಫಿ ತೋಟದ ಆಳುಗಳನ್ನು ಕೇಳಿದ. "ಇಂಥಾ ಪದ ಕೇಳೇ ಇಲ್ಲ ಕಣಣ್ಣ," ಎಂದು ಹೆಂಗಸರು ತಲೆಯಾಡಿಸಿದಾಗಲೆಲ್ಲ ಅವನ ಎದೆ ಹಗುರಾಗುತ್ತಿತ್ತು. ಉಳಿದದ್ದು ಬೀರಮ್ಮ. ಅವಳ ಕೆಮ್ಮಿಗೆ ಅರಸೀಕೆರೆಯಿಂದ ಔಷಧಿ ತಂದುಕೊಡುತ್ತಿದ್ದವನು ಅವನೇ. ಪದದ ಕೊನೆಯ ಸಾಲು ಬರೆದುಕೊಂಡ ಮೇಲೆ ಆ ಕಡೆ ಹೋಗುವುದನ್ನು ಬಿಟ್ಟ. ಅಷ್ಟೆ. ಅದನ್ನು ಕೊಲೆ ಎನ್ನಲು ಯಾವ ಕಾನೂನೂ ಇರಲಿಲ್ಲ. ಚಳಿಗಾಲದಲ್ಲಿ ಗಾಡಿಯವನೊಬ್ಬ ಅವಳು ತೀರಿಕೊಂಡ ಸುದ್ದಿ ತಂದಾಗ ದುಃಖವಾಗಲಿಲ್ಲ. ಬಹಳ ದೂರ ಹೊತ್ತ ಮೂಟೆಯನ್ನು ಇಳಿಸಿದಂತಾಯಿತು.

ಪುಸ್ತಕ ಬಂತು. 'ಗಂಗಾಧರಪ್ಪನವರ ಸ್ವಂತ ರಚನೆ' ಎಂದು ಮೊದಲ ಪುಟದಲ್ಲೇ ಹಾಕಿಸಿದ್ದ. ಬೇಲೂರಿನ ಸಂತೆಯಲ್ಲಿ ಜನ ಅದನ್ನು ಗುಂಪುಗೂಡಿ ಓದಿಸಿ ಕೇಳಿದರು. ಅವನು ಎಣಿಸಿದಂತೆಯೇ ಕಲ್ಲೇಶಪ್ಪ ಅದನ್ನೂ ಕದ್ದು ಅಚ್ಚು ಹಾಕಿದ. ಗಂಗಾಧರಪ್ಪ ದಾವೆ ಹೂಡಿದ.

"ಈ ಪದ ಯಾರಿಂದ ಕೇಳಿದಿರಿ?" ಎಂದರು ಕಲ್ಲೇಶಪ್ಪನ ವಕೀಲರು.

"ಯಾರಿಂದಲೂ ಇಲ್ಲ ಸ್ವಾಮಿ. ದೇವರಾಣೆಗೂ ನನ್ನ ತಲೆಯಲ್ಲೇ ಹುಟ್ಟಿದ್ದು."

ಕಣಕಟ್ಟೆಯ ಹೆಂಗಸರೂ ಬಂದು, ಈ ಪದ ಊರಿನಲ್ಲಿ ಯಾರಿಗೂ ಗೊತ್ತಿರಲಿಲ್ಲವೆಂದು ಸಾಕ್ಷಿ ಹೇಳಿದರು. ಗಂಗಾಧರಪ್ಪ ಗೆದ್ದ. ಗೆದ್ದ ಸಂತೋಷಕ್ಕಿಂತ, ಇನ್ನು ಮನೆಗೆ ಹೋಗಿ ಕಾಲು ಚಾಚಿ ಮಲಗಬಹುದೆಂಬ ಆಸೆಯೇ ದೊಡ್ಡದಾಗಿತ್ತು.

ಕೋರ್ಟಿನ ಮೆಟ್ಟಿಲ ಬಳಿ ಪೊಲೀಸ್ ಇನ್‌ಸ್ಪೆಕ್ಟರು ಕಾದು ನಿಂತಿದ್ದರು. ಅವರ ಪಕ್ಕದಲ್ಲಿ ಕೆಂಪಲಕ್ಷ್ಮಮ್ಮ ಎಂಬ ಹೆಂಗಸು, ಸೆರಗಿನಿಂದ ಬಾಯಿ ಮುಚ್ಚಿಕೊಂಡು. ಅವಳ ಗಂಡ ಬೋರಯ್ಯ ಕೆಲವು ವರ್ಷಗಳ ಹಿಂದೆ ಕೈಗೆ ಕಡಗ ತೊಟ್ಟು ಹಳೇಬೀಡಿನ ಕಡೆ ಕಂಬಳಿ ಮಾರಲು ಹೋದವನು ತಿರುಗಿ ಬಂದಿರಲಿಲ್ಲ. ಬೇಲೂರಿನ ಸಂತೆಯಲ್ಲಿ ಈ ಪದ ಕೇಳಿ ಅವಳು ಠಾಣೆಗೆ ಓಡಿದ್ದಳು.

"ಹಳೇಬೀಡಿನ ಆಚೆಯ ಮುರುಕು ಮಂಟಪದ ಹುಣಸೆ ಬುಡ ಅಗೆಸಿದ್ವಿ," ಎಂದರು ಇನ್‌ಸ್ಪೆಕ್ಟರು. "ಮೂಳೆ ಸಿಕ್ತು. ಕೈಯಲ್ಲಿ ಕಡಗಾನೂ ಹಾಗೇ ಇತ್ತು. ಹೇಳಿ, ಅವನು ಅಲ್ಲಿರೋದು ನಿಮಗೆ ಹೇಗೆ ಗೊತ್ತಾಯ್ತು?"

ಗಂಗಾಧರಪ್ಪನ ನಾಲಿಗೆಯ ತುದಿಗೆ ಬೀರಮ್ಮನ ಹೆಸರು ಬಂತು, ಅಲ್ಲೇ ನಿಂತಿತು. ಸತ್ತವಳು ಸಾಕ್ಷಿಗೆ ಬರುವಂತಿರಲಿಲ್ಲ. ಯಾರಿಂದಲೂ ಕೇಳಿಲ್ಲವೆಂದು ಒಳಗೆ ಮಾಡಿದ ಆಣೆಯನ್ನು ಬರೆದುಕೊಂಡ ಶಾಯಿ ಇನ್ನೂ ಆರಿರಲಿಲ್ಲ. ಇಷ್ಟೆಲ್ಲ ಊರು ಸುತ್ತಿ ವಿಚಾರಿಸಿದವನು ಒಂದನ್ನು ಮಾತ್ರ ಯೋಚಿಸಿರಲಿಲ್ಲ: ಆ ಪದ ಯಾರಿಗೂ ಗೊತ್ತಿರಲಿಲ್ಲವಾದರೆ, ಅದು ಹಳೆಯ ಪದವೇ ಆಗಿರಲಿಲ್ಲ. ಬಾಯಿಬಿಟ್ಟು ಹೇಳಲು ಹೆದರಿದ ಮುದುಕಿ, ಕಣ್ಣಾರೆ ಕಂಡ ಕೊಲೆಯನ್ನು ಬೀಸುಕಲ್ಲಿನ ಮುಂದೆ ಕೂತು ತಾನೇ ಕಟ್ಟಿದ್ದಳು.