ಬಾಗಿಲ ಮೇಲಿನ ಜಮಖಾನ

ರೆಮ್ಲಾಳ ಮನೆಯ ಬಾಗಿಲ ಮೇಲೆ ಜಮಖಾನ ಇರಲಿಲ್ಲ.

ಚಪ್ಪಲಿ ಬಿಟ್ಟು ಒಳಗೆ ಒಂದು ಕಾಲಿಟ್ಟವನು ಅಲ್ಲೇ ನಿಂತೆ. ಸುರುಳಿ ಸುತ್ತಿ ಬಾಗಿಲ ಮೇಲಿನ ಹಲಗೆಯಲ್ಲಿಟ್ಟಿದ್ದ ಆ ಕೆಂಪು ಜಮಖಾನವನ್ನು ಒಂದು ವರ್ಷದಿಂದ, ಪ್ರತಿ ಗುರುವಾರ, ನನ್ನ ಕಣ್ಣು ಮೊದಲು ಹುಡುಕುತ್ತಿತ್ತು. ಹರಾರ್ ಊರಿನ ಕೋಟೆಯೊಳಗೆ ಅದರ ಅರ್ಥ ಯಾರಿಗೂ ಹೇಳಿಕೊಡಬೇಕಿಲ್ಲ. ಜಮಖಾನ ಇದ್ದರೆ ಆ ಮನೆಯಲ್ಲಿ ಮದುವೆಗೆ ಬಂದ ಮಗಳಿದ್ದಾಳೆ. ಇಳಿದರೆ, ಮಾತುಕತೆ ಮುಗಿದಿದೆ.

"ಬನ್ನಿ ಜಿಬ್ರಿಲ್, ಕೂತ್ಕೊಳ್ಳಿ. ಕಾಫಿ ಕುದೀತಿದೆ," ಒಳಗಿನಿಂದ ರೆಮ್ಲಾಳ ದನಿ.

"ಬಸ್ಸಿಗೆ ಹೊತ್ತಾಯ್ತು," ಅಂದೆ. ಬಸ್ಸಿಗೆ ಇನ್ನೂ ಎರಡು ಗಂಟೆಯಿತ್ತು.

ಅವಳು ಕಾಫಿಯ ಹೂಜಿ ಹಿಡಿದು ಹೊರಗೆ ಬಂದಳು. ನನ್ನ ಮುಖ ನೋಡಿದಳು. ಬಾಗಿಲ ಮೇಲೆ ನೋಡಿದಳು. ಮತ್ತೆ ನನ್ನ ಮುಖ ನೋಡಿದಳು. ತುಟಿಯಂಚಿನಲ್ಲಿ ಏನೋ ಬಂದು ನಿಂತಿತ್ತು. ನನ್ನ ಬಾಯಿಂದ ಏನೋ ಕೇಳಬೇಕು ಅನ್ನುವ ಹಾಗೆ ಕಾದಳು.

ನಾನು ಅದನ್ನು ಸಂಕೋಚ ಅಂದುಕೊಂಡೆ. ಸಲಾಂ ಹೇಳಿ ತಿರುಗಿದೆ.

* * *

ನಾನು ಪುಸ್ತಕ ಕಟ್ಟುವವನು. ಡಿರೆ ದಾವಾದಲ್ಲಿ ಅಣ್ಣನ ಜೊತೆ ಒಂದು ಪುಟ್ಟ ಅಂಗಡಿ. ಗುರುವಾರ ಮಾತ್ರ ಬಸ್ಸು ಹತ್ತಿ ಹರಾರಿಗೆ ಬಂದು, ದರ್ಗಾದ ಹಳೆಯ ಪದ್ಯದ ಪುಸ್ತಕಗಳನ್ನು ಹೊಲಿದು ಕೊಡುತ್ತಿದ್ದೆ. ಮಧ್ಯಾಹ್ನ ಅಲ್ಲಿ ತಮಟೆಯ ಜೊತೆ ಅದೇ ಪದ್ಯಗಳನ್ನು ಹೇಳುವಾಗ ಒಂದು ಮೂಲೆಯಲ್ಲಿ ಕೂತು ಕೇಳುತ್ತಿದ್ದೆ. ಬೆಳಗಿನ ನಮಾಜು ಮುಗಿಸಿ ಪ್ರವಾದಿಯ ಮೇಲಿನ ಪದ್ಯ ಹೇಳುತ್ತ ಹಿಟ್ಟು ನಾದುತ್ತಿದ್ದ ತಾಯಿಯ ಮಗ ನಾನು. ಕಲಿತ ಮೊದಲ ವಿದ್ಯೆ ಕೇಳುವುದು. ಮಾತಾಡುವುದು ಇವತ್ತಿಗೂ ಸರಿಯಾಗಿ ಬಂದಿಲ್ಲ.

ಹೋದ ವರ್ಷ ಅಂಥ ಒಂದು ಗುರುವಾರ, ಹೊತ್ತು ಮುಳುಗುವಾಗ, ಕೋಟೆ ಬಾಗಿಲಿನಾಚೆ ಒಂದು ಕಲ್ಲಿನ ಮೇಲೆ ಒಬ್ಬ ಹುಡುಗಿ ಕೂತಿದ್ದಳು. ಕೈಯಲ್ಲಿ ಗೇಣುದ್ದದ ಕಡ್ಡಿ, ಅದರ ತುದಿಗೆ ಮಾಂಸ. ಹೆಸರು ಹಿಡಿದು ಕರೆಯುತ್ತಿದ್ದಳು. ಹೊಲದ ಕಡೆಯಿಂದ ಒಂದೊಂದೇ ಕತ್ತೆಕಿರುಬ ಬಂದು, ಮದುವೆ ಮನೆಗೆ ಬಂದ ನೆಂಟರ ಹಾಗೆ ಸುತ್ತ ಕೂತವು. ಅಜ್ಜ ಮಾಡುತ್ತಿದ್ದ ಕೆಲಸ. ಅಜ್ಜ ಹೋದ ಮೇಲೆ ಮೊಮ್ಮಗಳು ರೆಮ್ಲಾ ಕಡ್ಡಿ ಹಿಡಿದಳಂತೆ.

"ಅಷ್ಟು ದೂರ ಯಾಕೆ ನಿಂತಿದೀರಿ? ಅವು ಪುಸ್ತಕ ತಿನ್ನಲ್ಲ," ಅಂದಳು, ನನ್ನ ಕಂಕುಳಿನ ಗಂಟು ನೋಡಿ.

ಹತ್ತಿರ ಹೋಗಿ ಕೂತೆ. ಆಮೇಲೆ ಪ್ರತಿ ಗುರುವಾರ ಕೂತೆ.

"ಆ ದಪ್ಪಗಿರೋಳು ಬೀಬಿ. ಇಡೀ ಹಿಂಡಿಗೆ ಅವಳೇ ಯಜಮಾನಿ. ಅವಳ ನಂತರ ಅವಳ ಮಗಳು."

"ಗಂಡುಗಳು?"

"ಗಂಡುಗಳು ಕಾಯ್ತವೆ."

ಹಾಗಂದು ಗಲ್ಲದಿಂದ ತೋರಿಸಿದಳು. ಎಲ್ಲರಿಗಿಂತ ಹಿಂದೆ, ಕಿವಿ ಹರಿದ ಒಂದು ಗಂಡು. ಮೂತಿ ನೆಲಕ್ಕೆ ತಾಗುವಷ್ಟು ತಲೆ ಬಗ್ಗಿಸಿ ಬೀಬಿಯ ಮಗಳ ಕಡೆ ಎರಡು ಹೆಜ್ಜೆ ಬಂತು. ಮುಂಗಾಲಿನಿಂದ ಸುಮ್ಮನೆ ಮಣ್ಣು ಕೆರೆಯಿತು. ಅವಳು ತಿರುಗಿ ನೋಡಿದ್ದೇ ತಡ, ಮೂರು ಹೆಜ್ಜೆ ಹಿಂದೆ. ಸ್ವಲ್ಪ ಹೊತ್ತಿಗೆ ಮತ್ತೆ ಎರಡು ಹೆಜ್ಜೆ ಮುಂದೆ.

"ಮುಸಾಫಿರ್ ಅಂತ ಹೆಸರಿಟ್ಟಿದೀನಿ. ಹುಟ್ಟಿದ ಹಿಂಡು ಬಿಟ್ಟು ಬಂದು ಎರಡು ವರ್ಷ ಆಯ್ತು. ಮೊನ್ನೆ ಹುಟ್ಟಿದ ಮರಿಗೂ ಇಲ್ಲಿ ಅವನಿಗಿಂತ ಮರ್ಯಾದೆ ಜಾಸ್ತಿ."

"ಪಾಪ. ಕಚ್ಚಾಡಿ ಗೆಲ್ಲಬಾರದಾ?"

"ಕಚ್ಚಾಡೋನನ್ನ ಈ ಹೆಂಗಸರು ಹತ್ರ ಸೇರಿಸಲ್ಲ. ದಿನಾ ಬರ್ಬೇಕು. ದೂರ ಕೂರ್ಬೇಕು. ಗದರಿದ್ರೆ ಹೋಗ್ಬೇಕು, ಮತ್ತೆ ಬರ್ಬೇಕು. ಇವನು ಒಳ್ಳೆಯವನು ಅಂತ ಅವರಿಗೇ ಅನ್ನಿಸ್ಬೇಕು."

"ಎಲ್ಲಿಂದ ಬಂದ?"

ಅವಳು ಕಡ್ಡಿಗೆ ಮಾಂಸ ಸಿಕ್ಕಿಸುತ್ತ, ತಲೆ ಎತ್ತದೆ, ಕಣ್ಣಂಚಿನಿಂದಷ್ಟೇ ನನ್ನ ಕಡೆ ನೋಡಿದಳು. "ಡಿರೆ ದಾವಾ ಕಡೆಯಿಂದ. ಆ ಕಡೆಯವರೆಲ್ಲ ಹೀಗೇ ಅಂತ ಕಾಣತ್ತೆ."

ಆ ನೋಟವನ್ನು ನಾನು ಬಸ್ಸಿನಲ್ಲಿ ಇಡೀ ದಾರಿ, ಒಡೆಯುವ ವಸ್ತುವಿನ ಹಾಗೆ, ತೊಡೆಯ ಮೇಲಿಟ್ಟುಕೊಂಡು ಬಂದೆ.

ಮನೆಗೂ ಕರೆದಳು. ಹರಾರಿನ ಹಳೆಯ ಮನೆಗಳಲ್ಲಿ ನಡುಮನೆಯ ತುಂಬ ಮೆಟ್ಟಿಲು ಮೆಟ್ಟಿಲಾಗಿ ಕೆಂಪು ಜಗಲಿಗಳು. ಯಾರು ಎಲ್ಲಿ ಕೂರಬೇಕು ಅನ್ನುವುದಕ್ಕೆ ಲೆಕ್ಕವಿದೆ. ಎಲ್ಲಕ್ಕಿಂತ ಮೇಲಿನದರಲ್ಲಿ ಅವಳಜ್ಜಿ ಜೆಹ್ರಾ. ನನಗೆ ಬಾಗಿಲ ಪಕ್ಕದ ತಗ್ಗು ಜಗಲಿ.

"ಪುಸ್ತಕದವನೇ, ಅಲ್ಲೇ ಇರು," ಅನ್ನುತ್ತಿದ್ದಳು ಅಜ್ಜಿ. "ಮೇಲೆ ಜಾಗ ಇದೆ ಅಂತ ಏರಿಬಿಡಬೇಡ."

ವರ್ಷವಿಡೀ ಅಲ್ಲೇ ಕೂತು ಕಾಫಿ ಕುಡಿದೆ. ತಲೆಯ ಮೇಲೇ ಜಮಖಾನವಿತ್ತು. ಕೇಳಬೇಕಾದ ಒಂದು ಮಾತು ಪ್ರತಿ ಗುರುವಾರ ಗಂಟಲಿಗೆ ಬಂದು ಕಾಫಿಯ ಜೊತೆ ಕೆಳಗಿಳಿಯುತ್ತಿತ್ತು.

* * *

ಜಮಖಾನ ಇಳಿದ ಮೇಲೆ ಮೂರು ಗುರುವಾರ ನಾನು ಆ ಬೀದಿಗೆ ಹೋಗಲಿಲ್ಲ. ದರ್ಗಾದಲ್ಲಿ ಕೂತು ಹೊಲಿದೆ. ಪದ್ಯಗಳು ಕಿವಿಗೆ ಬಿದ್ದವು, ಒಳಗೆ ಇಳಿಯಲಿಲ್ಲ. ಯಾ ಅಲ್ಲಾ, ನನ್ನದಲ್ಲದ್ದರ ಕಡೆಯಿಂದ ಮನಸ್ಸನ್ನು ತಿರುಗಿಸು ಅಂತ ಬೇಡಿಕೊಂಡೆ. ಮನಸ್ಸು ತಿರುಗಲಿಲ್ಲ, ಕೈ ತಿರುಗಿತು. ಇಡೀ ಒಂದು ಪುಸ್ತಕದ ಹಾಳೆಗಳನ್ನು ತಲೆಕೆಳಗಾಗಿ ಹೊಲಿದುಬಿಟ್ಟಿದ್ದೆ.

ನಾಲ್ಕನೆಯ ಗುರುವಾರ ಅದನ್ನು ಬಿಚ್ಚುತ್ತ ಕೂತಿದ್ದಾಗ ಎದುರಿಗೆ ಒಂದು ಊರುಗೋಲು ಬಂದು ನಿಂತಿತು.

"ಏನೋ ಪುಸ್ತಕದವನೇ, ಬಾವಿಗೆ ಬಿದ್ದಿದ್ಯಾ?"

ಎದ್ದು ಅಜ್ಜಿಯ ಕೈಗೆ ಮುತ್ತಿಟ್ಟೆ. "ಜಮಖಾನ ಇಳಿದಿದ್ದು ನೋಡಿದೆ ಅಜ್ಜಿ. ಮದುವೆ... ಅಲ್ಲಾಹು ಒಳ್ಳೇದು ಮಾಡಲಿ."

ಅಜ್ಜಿ ನನ್ನನ್ನೇ ನೋಡಿದಳು. ಆಮೇಲೆ ನಗಲು ಶುರು ಮಾಡಿದಳು. ತಮಟೆಯವರು ತಿರುಗಿ ನೋಡುವಷ್ಟು ನಕ್ಕು, ಸೆರಗಿನಿಂದ ಕಣ್ಣೊರೆಸಿಕೊಂಡಳು.

"ಯಾರ ಮನೆಗೆ ಕೊಟ್ವಿ ಅಂತ ಕೇಳಿದ್ಯಾ?"

"ಇಲ್ಲ."

"ಕೇಳೋಕ್ಕೆ ಬಾಯಿ ಇಲ್ವಾ? ಹೋಗು. ಅವಳು ಕೋಟೆ ಬಾಗಿಲ ಹತ್ರ ಇದಾಳೆ. ಗಂಡಿನ ಮನೆ ತೋರಿಸು ಅಂತ ಹೇಳು."

* * *

ಬಿಸಿಲು ಇನ್ನೂ ಇತ್ತು. ರೆಮ್ಲಾ ನನ್ನನ್ನು ಕಂಡು ಎದ್ದು ನಿಂತಳು. ಸಲಾಂಗೆ ಸಲಾಂ ಹೇಳಿದಳು, ಅಷ್ಟೇ.

"ಗಂಡಿನ ಮನೆ ತೋರಿಸ್ಬೇಕಂತೆ," ಅಂದೆ.

ಅವಳ ಹುಬ್ಬು ಮೇಲೇರಿತು. "ಬನ್ನಿ."

ಜೋಳದ ಹೊಲ ದಾಟಿ ಕೊರಕಲಿನ ಅಂಚಿಗೆ ಬಂದೆವು. ಮುಂದೆ ಹೋಗಬೇಡಿ ಅಂತ ಕೈ ಅಡ್ಡ ಹಿಡಿದಳು. ಕೆಳಗೆ ಮಣ್ಣಿನ ಬಿಲ. ಬಿಲದ ಬಾಯಲ್ಲಿ ಬೀಬಿ ಮಲಗಿದ್ದಳು. ಅವಳೆದುರು ಎರಡು ಮರಿಗಳು ಒಂದು ಕೆಂಪು ಬಟ್ಟೆಯನ್ನು ಆ ಕಡೆ ಈ ಕಡೆ ಜಗ್ಗುತ್ತ, ಉರುಳುತ್ತ, ಅದರ ಮೇಲೇ ಕುಣಿಯುತ್ತಿದ್ದವು.

ಅದು ಬಟ್ಟೆಯಲ್ಲ. ಜಮಖಾನ. ಒಂದು ಮೂಲೆ ಇರಲೇ ಇಲ್ಲ.

"ಬಿಸಿಲಿಗೆ ಹಾಕಿದ್ದೆ," ಅಂದಳು ರೆಮ್ಲಾ. "ಒಳಗೆ ತರೋದು ಮರೆತೆ. ಕೋಟೆ ಗೋಡೆ ಬುಡದಲ್ಲಿ ಕಿರುಬಗಳಿಗೆ ಅಂತ ಬಿಟ್ಟಿರೋ ಕಂಡಿಯಿಂದ ಬಂದು ಎಳ್ಕೊಂಡು ಹೋಗಿದಾರೆ ಕಳ್ಳರು."

ನಗು ಬಂತು. ಅವಳ ಮುಖ ನೋಡಿ ನುಂಗಿಕೊಂಡೆ. ಅವಳು ನಗುತ್ತಿರಲಿಲ್ಲ.

"ಬೇರೆ ಹಾಕಬಹುದಿತ್ತಲ್ಲ?"

"ಅಜ್ಜಿ ಹಾಕು ಅಂದ್ಲು. ನಾನೇ ಬೇಡ ಅಂದೆ." ಅವಳು ಮರಿಗಳನ್ನೇ ನೋಡುತ್ತಿದ್ದಳು. "ಇಳಿದ ವಾರವೇ ಸಂಬಂಧ ಕೇಳ್ಕೊಂಡು ಬರೋರು ನಿಂತ್ರು. ಮನೆ ತಣ್ಣಗಾಯ್ತು. ಒಬ್ಬರು ಮಾತ್ರ ಬರ್ತಾರೆ, 'ರೆಮ್ಲಾ, ಜಮಖಾನ ಎಲ್ಲಿ' ಅಂತ ಕೇಳ್ತಾರೆ ಅಂದ್ಕೊಂಡಿದ್ದೆ. ಅವರು ಬಂದ್ರು. ನೋಡಿದ್ರು. ಬಸ್ಸಿಗೆ ಹೊತ್ತಾಯ್ತು ಅಂದ್ರು."

ನನ್ನ ಮೈಯೆಲ್ಲ ಕಿವಿಯಾಯಿತು. ಆದರೆ ಇದು ಕೇಳುತ್ತ ಕೂರುವ ಹೊತ್ತಲ್ಲ ಅಂತ ಯಾರೋ ಒಳಗಿನಿಂದ ನೂಕಿದರು.

"ರೆಮ್ಲಾ, ಜಮಖಾನ ಎಲ್ಲಿ?"

"ತಡವಾಯ್ತು," ಅಂದಳು. ದನಿ ಒಡೆದಿತ್ತು. "ಈಗ ಕೇಳಿ ಏನು ಮಾಡ್ತೀರಿ? ನಿಮ್ಮ ಮನೆ ಡಿರೆ ದಾವಾದಲ್ಲಿ. ಮದುವೆ ಅಂದ್ರೆ ನಾನು ಅಲ್ಲಿಗೆ ಬರ್ಬೇಕು. ನಾನು ಬಂದ್ರೆ ಇವರನ್ನ ಹೆಸರು ಹಿಡಿದು ಕರೆಯೋರು ಯಾರು? ಅದಕ್ಕೇ ನಾನೂ ಇಷ್ಟು ದಿನ ಬಾಯಿ ಬಿಡ್ಲಿಲ್ಲ. ನಿಮ್ಮೊಬ್ಬರದೇ ತಪ್ಪಲ್ಲ."

ಕೊರಕಲಿನ ಆಚೆ ದಡದಲ್ಲಿ ಮುಸಾಫಿರ್ ಕೂತಿದ್ದ. ಹರಿದ ಕಿವಿ, ಬಗ್ಗಿದ ತಲೆ. ಅವನಿಂದ ತುಸು ದೂರದಲ್ಲಿ ಮಲಗಿದ್ದ ಬೀಬಿಯ ಮಗಳು ಎದ್ದು, ಮೈಮುರಿದು, ಅವನ ಕಡೆ ನಡೆದಳು. ಅವನು ಅಭ್ಯಾಸದಂತೆ ಮೂರು ಹೆಜ್ಜೆ ಹಿಂದೆ ಸರಿದ. ಅವಳು ನಿಲ್ಲಲಿಲ್ಲ. ಅವನ ಪಕ್ಕದಲ್ಲೇ ಹೋಗಿ ಮಲಗಿದಳು. ಅವನು ಏನು ಮಾಡಬೇಕೋ ತೋಚದೆ ನಿಂತೇ ಇದ್ದ.

"ಇವರಲ್ಲಿ ಮನೆ ಬಿಟ್ಟು ಬರೋದು ಯಾರು?" ಕೇಳಿದೆ.

ಅವಳು ನಿಧಾನವಾಗಿ ನನ್ನ ಕಡೆ ತಿರುಗಿದಳು. "ಗಂಡು."

"ಅಂಗಡಿ ಅಣ್ಣ ನೋಡ್ಕೋತಾನೆ. ನನ್ನದು ಒಂದು ಸೂಜಿ, ಒಂದು ದಾರದ ಉಂಡೆ, ಮರದ ಒತ್ತುಹಲಗೆ. ಒಂದೇ ಬಸ್ಸಿಗೆ ಬರತ್ತೆ."

"ಜನ ಆಡ್ಕೋತಾರೆ."

"ಆಡ್ಕೊಳ್ಳಲಿ."

"ಇಲ್ಲಿಯ ಮಕ್ಕಳಿಗೂ ನಿಮಗಿಂತ ಮರ್ಯಾದೆ ಜಾಸ್ತಿ ಇರತ್ತೆ."

"ಗದರಿದ್ರೆ ಹೋಗ್ತೀನಿ. ಮತ್ತೆ ಬರ್ತೀನಿ."

ಈಗ ಅವಳು ನಕ್ಕಳು. ಅಳುತ್ತಲೇ ನಕ್ಕಳು. ಕಣ್ಣೀರು ಒರೆಸಿಕೊಳ್ಳಲು ಸೆರಗು ಹುಡುಕಿ, ಸಿಗದೆ, ನನ್ನ ಹೆಗಲ ಮೇಲಿನ ಶಾಲಿನ ತುದಿಯನ್ನೇ ಎಳೆದುಕೊಂಡಳು. ಒರೆಸಿಕೊಂಡ ಮೇಲೂ ಅದನ್ನು ಬಿಡಲಿಲ್ಲ. ಹೊಲ ದಾಟಿ, ಕೋಟೆ ಬಾಗಿಲು ಬರುವವರೆಗೂ ಶಾಲಿನ ಒಂದು ತುದಿ ನನ್ನ ಹೆಗಲಲ್ಲಿತ್ತು, ಇನ್ನೊಂದು ಅವಳ ಮುಷ್ಟಿಯಲ್ಲಿತ್ತು.

* * *

ಅಜ್ಜಿ ಆಗಲೇ ಬಂದು ತನ್ನ ಮೇಲಿನ ಜಗಲಿಯಲ್ಲಿ ಕೂತಿದ್ದಳು. ನಾನು ಚಪ್ಪಲಿ ಬಿಟ್ಟು, ಖಾಲಿ ಹಲಗೆಯ ಕೆಳಗೆ, ಬಾಗಿಲ ಪಕ್ಕದ ನನ್ನ ಜಾಗದಲ್ಲಿ ಕೂತೆ. ಕೇಳಬೇಕಾದ್ದನ್ನು ಕೇಳಿದೆ. ಮುಂದಿನ ಗುರುವಾರ ಅಮ್ಮನನ್ನೂ ಹಿರಿಯರನ್ನೂ ಕರೆತರುತ್ತೇನೆಂದೆ. ಬಂದು ಇಲ್ಲೇ ಇರುತ್ತೇನೆಂದೆ. ಇಡೀ ವರ್ಷದಲ್ಲಿ ಆ ಮನೆಯಲ್ಲಿ ಅಷ್ಟು ಮಾತು ನಾನು ಆಡಿರಲಿಲ್ಲ.

ಅಜ್ಜಿ ಬಹಳ ಹೊತ್ತು ಜಪಮಣಿ ಎಣಿಸಿದಳು. ರೆಮ್ಲಾ ಕಾಫಿ ಬಗ್ಗಿಸುವುದನ್ನು ಮರೆತು ಹೂಜಿ ಹಿಡಿದೇ ನಿಂತಿದ್ದಳು.

ಕೊನೆಗೆ ಅಜ್ಜಿಯ ಊರುಗೋಲು ಮೇಲೆದ್ದು, ನನ್ನ ಜಗಲಿಗಿಂತ ಮೇಲಿನ ಜಗಲಿಯನ್ನು ಎರಡು ಸಲ ತಟ್ಟಿತು.

"ಬಾ, ಇಲ್ಲಿ ಕೂರು," ಅಂದಳು. ನಾನು ಆತುರದಿಂದ ಏಳುತ್ತಿದ್ದಂತೆ ಕೋಲು ಅಡ್ಡ ಹಿಡಿದಳು. "ಒಂದೇ ಮೆಟ್ಟಿಲು."